ಎರಡೂವರೆ ಮೊಳದ ಪೆಟ್ಟಿಗೆ

"ಸಿಕ್ಕೇ ಬಿಡ್ತು!" ಜಗಲಿ ಹತ್ತುವ ಮೊದಲೇ ಸೀನ ಕೂಗಿದ.

"ಏನಪ್ಪಾ, ಕೆಲಸವಾ?" ಪೇಪರಿನಿಂದ ತಲೆ ಎತ್ತದೆ ಶಾಮಣ್ಣ ಕೇಳಿದರು.

"ಅಲ್ಲ ಶಾಮಣ್ಣ, ಮೋಶೆಯ ಪೆಟ್ಟಿಗೆ! ಮೂರು ಸಾವಿರ ವರ್ಷದಿಂದ ಕಾಣೆಯಾಗಿದ್ದದ್ದು!"

"2,600 ಅನ್ನು," ಎಂದರು ಸ್ಯಾಮುಯೆಲ್ ಮೇಷ್ಟ್ರು. ರಿಟೈರ್ ಆಗಿ ಹತ್ತು ವರ್ಷ ಆಗಿದ್ದರೂ ತಪ್ಪು ಲೆಕ್ಕ ಕಿವಿಗೆ ಬಿದ್ದರೆ ಅವರ ಕೈ ಸೀಮೆಸುಣ್ಣ ಹುಡುಕುತ್ತದೆ.

ಸೀನ ಮೊಬೈಲನ್ನು ನಮ್ಮೆಲ್ಲರ ಮೂಗಿನ ಮುಂದೆ ಹಿಡಿದ. ಒಂದು ಕತ್ತಲೆ ಗುಹೆ. ಅದರೊಳಗೆ ಧಗಧಗ ಹೊಳೆಯುವ ಪೆಟ್ಟಿಗೆ. ಅದರ ಸುತ್ತ ಕೆಂಪು ವೃತ್ತ, ವೃತ್ತಕ್ಕೆ ತಾಗಿಕೊಂಡು ಕೆಂಪು ಬಾಣ. ಕೆಳಗೆ ಹಳದಿ ಅಕ್ಷರದಲ್ಲಿ 'ನೋಡಿದರೆ ನಿದ್ದೆ ಬರಲ್ಲ!'

ಶಾಮಣ್ಣ ಪೇಪರ್ ಮಡಚಿದರು. ಈ ಬಾಣದ ಮೇಲೆ ಅವರಿಗೆ ಹಳೆಯ ಸಿಟ್ಟು.

"ಅಲ್ಲಯ್ಯಾ, ಅಷ್ಟು ದೊಡ್ಡ ಗುಹೇಲಿ ಇರೋದೇ ಒಂದು ಪೆಟ್ಟಿಗೆ. ಅದೂ ಪೆಟ್ರೋಮ್ಯಾಕ್ಸ್ ಹಾಗೆ ಉರೀತಾ ಇದೆ. ಅದಕ್ಕೆ ಬಾಣ ಬೇರೆ ಬೇಕಾ? ಹೋದ ವಾರ ನೋಹನ ನಾವೆ ಸಿಕ್ತು ಅಂದೆ, ಅದಕ್ಕೂ ಬಾಣ. ಅದಕ್ಕೆ ಮುಂಚೆ ಯೇಸು ಕುಡಿದ ಬಟ್ಟಲು, ಅದಕ್ಕೂ ಬಾಣ. ನಮ್ಮನೆ ಟಾರ್ಚು ಕಳೆದು ಒಂದು ತಿಂಗಳಾಯ್ತು, ಯಾವನೂ ಬಾಣ ಹಾಕಲಿಲ್ಲ."

"ನೀವು ನಂಬಲ್ಲ ಬಿಡಿ. ಮೇಷ್ಟ್ರೇ, ನೀವು ಹೇಳಿ."

ಮೇಷ್ಟ್ರು ಕನ್ನಡಕ ಸರಿ ಮಾಡಿಕೊಂಡರು. "ನಮ್ಮ ಸತ್ಯವೇದದಲ್ಲಿ, ಅಂದರೆ ಬೈಬಲ್‌ನಲ್ಲಿ, ಅದಕ್ಕೆ ಒಡಂಬಡಿಕೆಯ ಮಂಜೂಷ ಅಂತ ಹೆಸರು. ವಿಮೋಚನಕಾಂಡದಲ್ಲಿ ಅಳತೆ ಸಮೇತ ಬರೆದಿದೆ. ಜಾಲೀ ಮರದ್ದು. ಎರಡೂವರೆ ಮೊಳ ಉದ್ದ, ಒಂದೂವರೆ ಮೊಳ ಅಗಲ, ಒಂದೂವರೆ ಮೊಳ ಎತ್ತರ. ಒಳಗೂ ಹೊರಗೂ ಚಿನ್ನದ ತಗಡು. ಮುಚ್ಚಳದ ಮೇಲೆ ರೆಕ್ಕೆ ಚಾಚಿದ ಎರಡು ಕೆರೂಬಿಗಳು, ಅಂದರೆ ದೇವದೂತರು. ಒಳಗೆ ದೇವರು ಮೋಶೆಗೆ ಕೊಟ್ಟ ಹತ್ತು ಆಜ್ಞೆ ಬರೆದ ಎರಡು ಕಲ್ಲಿನ ಹಲಗೆ."

"ಯಾರ ಮೊಳ?" ಕಾಫಿ ತಂದ ಪದ್ದಕ್ಕ ಬಾಗಿಲಲ್ಲೇ ನಿಂತು ಕೇಳಿದರು. "ನಮ್ಮ ಬೀದಿ ಹೂವಿನವಳ ಮೊಳ ಆದರೆ ಅದು ಕುಂಕುಮದ ಭರಣಿ ಅಷ್ಟೇ."

"ಮೊಣಕೈಯಿಂದ ಬೆರಳ ತುದಿವರೆಗೆ, ಪದ್ದಮ್ಮ. ಒಟ್ಟು ಉದ್ದ 110 ಸೆಂಟಿಮೀಟರ್ ಆಸುಪಾಸು ಆಗುತ್ತದೆ."

"ಓ, ನನ್ನ ಮದುವೆ ಟ್ರಂಕು! ಅದು ಹೇಗೆ ಕಳೆದುಹೋಗ್ತದೆ? ಉಗುರು ಕತ್ತರಿ ಕಳೆದುಹೋಯ್ತು ಅಂದರೆ ಒಪ್ಪಬಹುದು."

ಅದೇ ನೋಡಿ ವಿಚಿತ್ರ ಎಂದರು ಮೇಷ್ಟ್ರು. ಇಸ್ರಾಯೇಲ್ಯರ ರಾಜ ಸೊಲೊಮೋನ ಯೆರೂಸಲೇಮಿನಲ್ಲಿ ದೇವಾಲಯ ಕಟ್ಟಿ ಒಳಗಿನ ಕೋಣೆಯಲ್ಲಿ ಮಂಜೂಷವನ್ನು ಇಟ್ಟ. ಕ್ರಿಸ್ತಪೂರ್ವ 586ರ ಸುಮಾರಿಗೆ ಬಾಬೆಲಿನ ದೊರೆ ನೆಬೂಕದ್ನೆಚ್ಚರನ ಸೈನ್ಯ ಬಂದು ಊರು ಸುಟ್ಟು ಎಲ್ಲವನ್ನೂ ಹೊತ್ತುಕೊಂಡು ಹೋಯಿತು. ಏನೇನು ಹೋಯಿತು ಎಂದು ಪಟ್ಟಿ ಇದೆ. ಹಂಡೆ, ಸಲಿಕೆ, ದೀಪದ ಕತ್ತರಿ, ಬಟ್ಟಲು, ಎಲ್ಲಾ ಇದೆ. ಮಂಜೂಷದ ಸುದ್ದಿಯೇ ಇಲ್ಲ.

"ಸೌಟಿನ ಲೆಕ್ಕ ಇಟ್ಟು ಪೆಟ್ಟಿಗೆ ಲೆಕ್ಕ ಬಿಟ್ರಾ?" ಪದ್ದಕ್ಕನಿಗೆ ನಿಜಕ್ಕೂ ಬೇಜಾರಾಯಿತು. ಮದುವೆ ಛತ್ರದ ಉಗ್ರಾಣ ನೋಡಿಕೊಂಡವರು ಅವರು.

"ಯೆರೆಮೀಯ ಪ್ರವಾದಿ ಬಚ್ಚಿಟ್ಟ! ವಿಡಿಯೋದಲ್ಲಿ ಇದೆ!" ಸೀನ ಚಿಗುರಿದ.

"ಹಾಗೊಂದು ಕತೆ ಇದೆ," ಎಂದರು ಮೇಷ್ಟ್ರು. "ಕಥೋಲಿಕರ ಬೈಬಲ್‌ನಲ್ಲಿ ಮಕ್ಕಬಿಯರ ಎರಡನೆಯ ಪುಸ್ತಕ. ಯೆರೆಮೀಯ ಅದನ್ನು ಬೆಟ್ಟದ ಗುಹೆಯಲ್ಲಿಟ್ಟು ಬಾಯಿ ಮುಚ್ಚಿಸಿದ. ಜೊತೆಗಿದ್ದ ಕೆಲವರು ದಾರಿಗೆ ಗುರುತು ಹಾಕಿ ಬರೋಣ ಅಂತ ಮತ್ತೆ ಹೋದರು. ಜಾಗ ಸಿಗಲಿಲ್ಲ. ಯೆರೆಮೀಯನಿಗೆ ಗೊತ್ತಾಗಿ ಚೆನ್ನಾಗಿ ಬೈದ."

ಶಾಮಣ್ಣ ತೊಡೆ ತಟ್ಟಿಕೊಂಡರು. "ಬಾಣ ಹಾಕೋಕೆ ಹೋದವರಿಗೆ ಅವತ್ತೇ ಬೈಗುಳ ಬಿದ್ದಿದೆ! ಮಹಾನುಭಾವ! ಕೇಳಿಸ್ಕೊಂಡ್ಯಾ ಸೀನ?"

ಸೀನ ಸೋಲುವವನಲ್ಲ. "ಅದು ಬಿಡಿ. ಈಗ ಇರೋದು ಇಥಿಯೋಪಿಯಾದಲ್ಲಿ. ಆಕ್ಸುಮ್ ಅಂತ ಊರು. ಶೆಬದ ರಾಣಿಗೂ ಸೊಲೊಮೋನನಿಗೂ ಹುಟ್ಟಿದ ಮೆನೆಲಿಕ್ ಅಪ್ಪನನ್ನು ನೋಡೋಕೆ ಹೋಗಿ ಬರುವಾಗ ಪೆಟ್ಟಿಗೇನೂ ಬಂತು. ಅಲ್ಲಿ ಮರಿಯಮ್ಮನ ಚರ್ಚಿನ ಪಕ್ಕದ ಗುಡೀಲಿ ಇಟ್ಟಿದ್ದಾರೆ. ಕಾವಲಿಗೆ ಒಬ್ಬ ಸನ್ಯಾಸಿ. ಅವನು ಬಿಟ್ಟರೆ ಯಾರೂ ನೋಡೋ ಹಾಗಿಲ್ಲ. ಅವನು ಸಾಯೋವರೆಗೂ ಆವರಣ ದಾಟೋ ಹಾಗಿಲ್ಲ."

"ಪಾಪ," ಎಂದರು ಪದ್ದಕ್ಕ. "ಊಟ?"

"1941ರಲ್ಲಿ ಒಬ್ಬರು ಒಳಗೆ ಹೋಗಿ ನೋಡಿದ್ದಾರೆ," ಎಂದರು ಮೇಷ್ಟ್ರು. "ಎಡ್ವರ್ಡ್ ಉಲ್ಲೆಂಡಾರ್ಫ್ ಅಂತ. ಆಗ ಬ್ರಿಟಿಷ್ ಸೈನ್ಯದಲ್ಲಿದ್ದರು, ಆಮೇಲೆ ಇಥಿಯೋಪಿಯಾದ ಭಾಷೆಗಳ ದೊಡ್ಡ ಪಂಡಿತರಾದರು. ಸುಮಾರು ಐವತ್ತು ವರ್ಷ ಕಳೆದ ಮೇಲೆ ಹೇಳಿದರು. ಅಲ್ಲಿದ್ದದ್ದು ಖಾಲಿ ಮರದ ಪೆಟ್ಟಿಗೆ, ಅಷ್ಟೇನೂ ಹಳೆಯದಲ್ಲ, ಮಧ್ಯಯುಗದ್ದು ಅಂತ."

"ಅಸಲಿ ಬಚ್ಚಿಟ್ಟು ನಕಲಿ ತೋರಿಸಿರ್ತಾರೆ!"

"ಇದು ನೋಡು ಭದ್ರವಾದ ವ್ಯಾಪಾರ," ಎಂದರು ಶಾಮಣ್ಣ. "ಸಿಗಲಿಲ್ಲವೋ, ಬಚ್ಚಿಟ್ಟಿದ್ದಾರೆ. ಸಿಕ್ಕಿತೋ, ಅದು ನಕಲಿ. ನಷ್ಟ ಅನ್ನೋದೇ ಇಲ್ಲ. ಇದಕ್ಕೆ ಯಾಕೆ ಬ್ಯಾಂಕಿನವರು ಸಾಲ ಕೊಡಬಾರದು?"

ಇದಕ್ಕಿಂತ ಸೋಜಿಗದ್ದು ಲಂಡನ್ನಿನಲ್ಲಿದೆ ಎಂದರು ಮೇಷ್ಟ್ರು. ಇಥಿಯೋಪಿಯಾದ ಪ್ರತಿ ಚರ್ಚಿನಲ್ಲೂ ಮಂಜೂಷವನ್ನು ನೆನೆಸುವ ಒಂದು ಪವಿತ್ರ ಹಲಗೆ ಇರುತ್ತದೆ. ತಾಬೋತ್ ಎನ್ನುತ್ತಾರೆ. ಪಾದ್ರಿಗಳು ಬಿಟ್ಟು ಬೇರೆಯವರು ನೋಡಬಾರದು. 1868ರಲ್ಲಿ ಬ್ರಿಟಿಷರು ಇಥಿಯೋಪಿಯಾದ ಮಕ್ದಲಾ ಕೋಟೆ ಮೇಲೆ ದಂಡೆತ್ತಿ ಹೋದರು. ಸೈನ್ಯ ಹೊರಟದ್ದು ನಮ್ಮ ಬೊಂಬಾಯಿಂದ. 44 ಆನೆಗಳನ್ನೂ ಇಲ್ಲಿಂದಲೇ ಹಡಗು ಹತ್ತಿಸಿದ್ದರು. ಅಲ್ಲಿ ಲೂಟಿಯಾದ ತಾಬೋತ್‌ಗಳಲ್ಲಿ 11 ಈಗ ಬ್ರಿಟಿಷ್ ಮ್ಯೂಸಿಯಂನಲ್ಲಿವೆ. ಪವಿತ್ರ ವಸ್ತು ಅನ್ನುವ ಮರ್ಯಾದೆಗೆ ಬೀಗ ಹಾಕಿ ಇಟ್ಟಿದ್ದಾರೆ. ಮ್ಯೂಸಿಯಂನ ಸಿಬ್ಬಂದಿಯೂ ನೋಡುವಂತಿಲ್ಲ.

ಒಂದು ಗಳಿಗೆ ಯಾರೂ ಮಾತಾಡಲಿಲ್ಲ.

"ನೋಡೋದಕ್ಕಾಗಲ್ಲ ಅಂದ ಮೇಲೆ ವಾಪಸ್ ಕೊಡಬಾರದಾ?" ಎಂದರು ಪದ್ದಕ್ಕ.

"ಕೊಟ್ಟರೆ ಏನು ಕೊಟ್ಟೆವು ಅಂತ ನೋಡಬೇಕಲ್ಲ," ಎಂದರು ಶಾಮಣ್ಣ.

ಹುಡುಕಿ ಹಣ ಕಳೆದುಕೊಂಡವರ ಕತೆಯೂ ಬಂತು. 1909ರಲ್ಲಿ ಮಾಂಟೇಗ್ಯು ಪಾರ್ಕರ್ ಎಂಬ ಸಾಹೇಬ, ಬೈಬಲ್‌ನ ಯೆಹೆಜ್ಕೇಲನ ಪುಸ್ತಕದಲ್ಲಿ ಗುಪ್ತ ಲಿಪಿ ಕಂಡೆ ಎಂದ ಫಿನ್ಲೆಂಡಿನ ಕವಿಯೊಬ್ಬನ ಮಾತು ಕೇಳಿ ಯೆರೂಸಲೇಮಿನಲ್ಲಿ ಅಗೆಸಲು ಶುರುಮಾಡಿದ. ("ಕವಿ ಮಾತು ಕೇಳಿ ದುಡ್ಡು ಹಾಕಿದ್ನಾ!" ಇದು ಶಾಮಣ್ಣ.) 1911ರಲ್ಲಿ ಲಂಚ ಕೊಟ್ಟು ರಾತ್ರಿಹೊತ್ತು ಮಸೀದಿಯ ಆವರಣದಲ್ಲೇ ಅಗೆಯಲು ಹೋಗಿ ಸಿಕ್ಕಿಬಿದ್ದ. ಊರಿಗೆ ಊರೇ ರೊಚ್ಚಿಗೆದ್ದಿತು. ಸಾಹೇಬ ಯಾಫಾ ಬಂದರಿಗೆ ಓಡಿ ತನ್ನ ದೋಣಿ ಹತ್ತಿದ.

"ಈಗಿನವರು ವಾಸಿ," ಎಂದರು ಶಾಮಣ್ಣ. "ಕುರ್ಚಿ ಬಿಟ್ಟು ಏಳದೆ ಹುಡುಕ್ತಾರೆ."

"ಅಲ್ಲ ಮೇಷ್ಟ್ರೇ," ಸೀನನ ದನಿ ಸಣ್ಣಗಾಯಿತು, "ಒಂದು ವೇಳೆ ಇಣುಕಿ ನೋಡಿದರೆ ನಿಜವಾಗಲೂ ಏನಾದರೂ ಆಗ್ತದಾ?"

"ಬೇತ್ಷೆಮೆಷ್ ಅನ್ನೋ ಊರಿನವರು ಇಣುಕಿದರು. ಸತ್ತರು. ಎಷ್ಟು ಜನ ಅನ್ನೋದರಲ್ಲೇ ಗೊಂದಲ. ಕೆಲವು ಪ್ರತಿಯಲ್ಲಿ 70, ಕೆಲವದರಲ್ಲಿ 50,070."

"50,000 ವ್ಯೂಸು, 70 ಲೈಕು," ಎಂದರು ಶಾಮಣ್ಣ. "ಆ ಊರಿಗೆ ಹೇಗೆ ಬಂತು ಪೆಟ್ಟಿಗೆ?"

"ಫಿಲಿಷ್ಟಿಯರು ವಾಪಸ್ ಕಳಿಸಿದ್ದು. ಇಸ್ರಾಯೇಲ್ಯರ ಶತ್ರುಗಳು ಅವರು. ಸೊಲೊಮೋನನಿಗಿಂತ ಮುಂಚಿನ ಮಾತು. ಯುದ್ಧದಲ್ಲಿ ಗೆದ್ದು ಅಷ್ಡೋದಿಗೆ ತಂದು ತಮ್ಮ ದಾಗೋನ್ ದೇವರ ಗುಡಿಯಲ್ಲಿಟ್ಟರು. ಬೆಳಗ್ಗೆ ಎದ್ದು ನೋಡಿದರೆ ದಾಗೋನ್ ಬೋರಲು ಬಿದ್ದಿದ್ದಾನೆ. ಎತ್ತಿ ನಿಲ್ಲಿಸಿದರು. ಮಾರನೇ ದಿನ ತಲೆ, ಕೈ ಮುರಿದು ಹೊಸ್ತಿಲ ಮೇಲೆ. ಊರಿನಲ್ಲಿ ಇಲಿ ಕಾಟ, ಜನರಿಗೆ ಗಡ್ಡೆ. ಗತ್ ಊರಿಗೆ ಸಾಗಿಸಿದರು. ಅಲ್ಲೂ ಅದೇ ಕತೆ. ಎಕ್ರೋನಿಗೆ ಕಳಿಸಿದರೆ ಊರಿನವರು ಬಾಗಿಲಲ್ಲೇ ಬಾಯಿ ಬಡಿದುಕೊಂಡರು."

"ಫೈಲು ಒಂದು ಟೇಬಲ್ಲಿಂದ ಇನ್ನೊಂದಕ್ಕೆ ಹೋದ ಹಾಗೆ," ಎಂದೆ ನಾನು. ಅಲ್ಲಿವರೆಗೆ ನನ್ನ ಬಾಯಿ ತುಂಬ ಕಡಲೆಕಾಯಿ.

"ಏಳು ತಿಂಗಳು ತಾಳಿದರು. ಆಮೇಲೆ ಪೂಜಾರಿಗಳನ್ನು ಕೇಳಿದರು. ಸುಮ್ನೆ ಕಳಿಸಬೇಡಿ, ತಪ್ಪು ಕಾಣಿಕೆ ಸೇರಿಸಿ ಕಳಿಸಿ, ಚಿನ್ನದಲ್ಲಿ ಐದು ಇಲಿ, ಐದು ಗಡ್ಡೆ ಮಾಡಿಸಿ ಅಂದರು."

"ಗಡ್ಡೆ ಅಂದರೆ ಎಂಥ ಗಡ್ಡೆ?"

ಮೇಷ್ಟ್ರು ಪದ್ದಕ್ಕನ ಕಡೆ ನೋಡಿ ದನಿ ತಗ್ಗಿಸಿದರು. "ಹಳೆಯ ಇಂಗ್ಲಿಷ್ ಬೈಬಲ್‌ನಲ್ಲಿ ಮೂಲವ್ಯಾಧಿ ಅಂತಲೇ ಇದೆ."

"ಚಿನ್ನದ ಮೂಲವ್ಯಾಧಿ!" ಶಾಮಣ್ಣನ ಪೇಪರ್ ಕೆಳಗೆ ಬಿತ್ತು. "ಐದು! ಅಯ್ಯೋ ಶಿವನೇ. ಅಕ್ಕಸಾಲಿ ಹತ್ತಿರ ಹೋಗಿ ಹೇಗೆ ಬಾಯಿಬಿಟ್ಟು ಕೇಳಿರಬೇಕು? ಇಲಿ ಆದರೆ ಸರಿ, ಹಿಡಿದು ತಂದು ತೋರಿಸಬಹುದು. ಇನ್ನೊಂದಕ್ಕೆ ಮಾದರಿ ಯಾರು ತೋರಿಸಿದರು?"

"ಕುಸುರಿ ಕೆಲಸ ಅಂತ ಮೇಕಿಂಗ್ ಚಾರ್ಜ್ ಏರಿಸಿರ್ತಾನೆ," ಎಂದರು ಪದ್ದಕ್ಕ, ನಾಚಿಕೆಯ ಸುಳಿವೇ ಇಲ್ಲದೆ. "ವೇಸ್ಟೇಜೂ ಜಾಸ್ತಿನೇ ಹಾಕಿರ್ತಾನೆ."

"ಐದೇ ಯಾಕೆ?" ಎಂದ ಸೀನ.

"ಅವರಿಗೆ ಐದು ಪಟ್ಟಣ, ಐವರು ಪ್ರಭುಗಳು. ತಲಾ ಒಂದು."

"ಅಂದರೆ ಚಂದಾ ಎತ್ತಿದ್ದಾರೆ! ಮೀಟಿಂಗ್ ನಡೆದಿರ್ತದೆ. ಗತ್ ಊರಿನವನು ಎದ್ದು ನಿಂತು, 'ಸ್ವಾಮಿ, ನಮ್ಮೂರಲ್ಲಿ ಅಷ್ಟು ಜೋರಿಲ್ಲ, ನಮ್ಮದು ಸ್ವಲ್ಪ ಸಣ್ಣದು ಮಾಡಿಸಿ' ಅಂದಿರ್ತಾನೆ. ಸೀನ, ನಿನ್ನ ವಿಡಿಯೋದವನಿಗೆ ಹೇಳು. ಪೆಟ್ಟಿಗೆ ಹುಡುಕಿದ್ದು ಸಾಕು. ಆ ಐದು ಎಲ್ಲಿ ಹೋದವು ನೋಡಲಿ. ಬಾಣ ಬೇಕಾದರೆ ಅಲ್ಲಿಗೆ ಹಾಕಲಿ."

ಮೇಷ್ಟ್ರಿಗೆ ಕೆಮ್ಮು ಬರುವಷ್ಟು ನಗು. ಕಣ್ಣೊರೆಸಿಕೊಂಡು, "ಅವರು ಬುದ್ಧಿವಂತರು ಕಣಯ್ಯಾ," ಎಂದರು. "ನಿಜವಾಗಲೂ ಇದು ದೇವರ ಕೆಲಸವಾ, ಇಲ್ಲ ಸುಮ್ನೆ ಕಾಕತಾಳೀಯವಾ ಅಂತ ಪರೀಕ್ಷೆ ಮಾಡಿದರು. ಹೊಸ ಬಂಡಿ ಮಾಡಿಸಿದರು. ನೊಗ ಕಂಡಿಲ್ಲದ, ಹಾಲು ಕರೆಯುವ ಎರಡು ಹಸು ಕಟ್ಟಿದರು. ಕರುಗಳನ್ನು ಮನೆಯಲ್ಲೇ ಕೂಡಿಹಾಕಿದರು. ಹಸುಗಳು ಕರುವಿನ ಕಡೆ ತಿರುಗಿದರೆ ಕಾಕತಾಳೀಯ. ನೆಟ್ಟಗೆ ಬೇತ್ಷೆಮೆಷ್ ದಾರಿ ಹಿಡಿದರೆ ದೇವರು."

"ತಿರುಗಿದವಾ?" ಪದ್ದಕ್ಕ ಅಲ್ಲೇ ಹೊಸ್ತಿಲ ಮೇಲೆ ಕೂತಿದ್ದರು.

"ಇಲ್ಲ. ಎಡಕ್ಕೂ ತಿರುಗಲಿಲ್ಲ, ಬಲಕ್ಕೂ ತಿರುಗಲಿಲ್ಲ. ದಾರಿಯುದ್ದಕ್ಕೂ ಅಂಬಾ ಅಂತ ಕೂಗ್ತಾ ಹೋದವು ಅಂತ ಬರೆದಿದೆ."

"ಆಮೇಲೆ ಬಿಟ್ಟು ಕಳಿಸಿದರಲ್ವಾ?"

ಮೇಷ್ಟ್ರು ಲೋಟದ ತಳ ನೋಡಿದರು. "ಊರಿನವರು ಗೋದಿ ಕೊಯ್ಯುತ್ತಿದ್ದರು. ಮಂಜೂಷ ಬಂದದ್ದು ನೋಡಿ ತುಂಬಾ ಸಂತೋಷಪಟ್ಟರು. ಆ ಬಂಡಿಯನ್ನೇ ಸೌದೆ ಮಾಡಿ, ಆ ಹಸುಗಳನ್ನೇ ಬಲಿ ಕೊಟ್ಟರು."

ಬೀದಿಯಲ್ಲಿ ಯಾವುದೋ ಸ್ಕೂಟರ್ ಹೋಯಿತು.

"ನಮ್ಮ ಕಡೆ ಕತೇಲಿ ಹುಲಿ ಬಿಟ್ಟು ಕಳಿಸ್ತು," ಎಂದರು ಶಾಮಣ್ಣ. ಅವರ ದನಿಯಲ್ಲಿ ನಗು ಇರಲಿಲ್ಲ.

ಸೀನನ ಮೊಬೈಲು ತಾನಾಗಿಯೇ ಮುಂದಿನ ವಿಡಿಯೋ ಶುರುಮಾಡಿತು. ಢಂ ಎಂದು ಸದ್ದು, ಇನ್ನೊಂದು ಬಾಣ. ಅವನು ಅದನ್ನು ಬೋರಲು ಹಾಕಿದ.

"ಮೇಷ್ಟ್ರೇ, ಆ ಕರುಗಳು?"

"ಅವುಗಳ ಸುದ್ದಿ ಮುಂದೆ ಬರೆದಿಲ್ಲ."

ಒಳಗಿನಿಂದ ಸೀದ ವಾಸನೆ ಬಂತು. "ಅಯ್ಯೋ, ಹಾಲು!" ಎಂದು ಪದ್ದಕ್ಕ ಎದ್ದು ಓಡಿದರು. ಎರಡನೇ ಕಾಫಿಗೆ ಇಟ್ಟಿದ್ದ ಹಾಲು ಒಲೆಯ ಮೇಲೆಲ್ಲಾ ಉಕ್ಕಿ ಹರಿದಿತ್ತು.

"ಇರಲಿ ಬಿಡೇ," ಶಾಮಣ್ಣ ಜಗಲಿಯಿಂದಲೇ ಹೇಳಿದರು. "ಇವತ್ತು ಬರೀ ಡಿಕಾಕ್ಷನ್ ಕೊಡು, ಸಾಕು."