ಕೆಂಪು ಕುಬ್ಜ ನಕ್ಷತ್ರದ ಗ್ರಹದ ಜೌಗಿನಲ್ಲಿ ಇಂಥ ಪ್ರಾಣಿ ಬದುಕಲು ಸಾಧ್ಯವೇ?

ಪ್ರಶ್ನೆ – ನೀಳ್ಗತೆ

ನಾನು ಬರೆಯುತ್ತಿರುವ ಕಥೆಯು ನಮ್ಮಿಂದ ಸುಮಾರು 4.2 ಜ್ಯೋತಿರ್ವರ್ಷ ದೂರದಲ್ಲಿರುವ ಪ್ರಾಕ್ಸಿಮಾ ಸೆಂಟಾರಿ ಎಂಬ ಕೆಂಪು ಕುಬ್ಜ ನಕ್ಷತ್ರವನ್ನು ಸುತ್ತುವ, 2016ರಲ್ಲಿ ಪತ್ತೆಯಾದ ಗ್ರಹದಲ್ಲಿ ನಡೆಯುತ್ತದೆ. ಅದರ ಒಂದು ವರ್ಷವೆಂದರೆ ನಮ್ಮ 11.2 ದಿನ. ಅಲ್ಲಿ ನೀರು, ಗಾಳಿ, ಆಮ್ಲಜನಕ ಇವೆಯೆಂಬುದು ನನ್ನ ಕಲ್ಪನೆ. ಗುರುತ್ವವನ್ನು ಭೂಮಿಯದಕ್ಕಿಂತ ಕಾಲುಭಾಗ ಹೆಚ್ಚಾಗಿ ಇಟ್ಟುಕೊಂಡಿದ್ದೇನೆ. ಗ್ರಹದ ಒಂದೇ ಮುಖ ಸದಾ ನಕ್ಷತ್ರದ ಕಡೆಗಿರುವುದರಿಂದ, ಬೆಳಕು ಮತ್ತು ಕತ್ತಲೆಯ ಗಡಿಯಲ್ಲಿ ಎಂದೂ ಮುಗಿಯದ ಸಂಜೆಯ ಪಟ್ಟಿಯೊಂದಿದ್ದು, ಅಲ್ಲಿನ ಜೌಗಿನಲ್ಲಿ ‘ಕೆಸರಾಳಿ’ ಎಂಬ ಪ್ರಾಣಿ ವಾಸಿಸುತ್ತದೆ. ಎತ್ತಿನಷ್ಟು ಮೈ, ಆರು ತೆಳುವಾದ ಕಾಲುಗಳು, ದೊಡ್ಡ ಕಣ್ಣುಗಳು, ಕಿವಿರುಗಳು. ಬೇಸಿಗೆಯಲ್ಲಿ ಜೌಗು ಒಣಗಿದಾಗ ಅದು ಕೆಸರಿನೊಳಗೆ ಹೂತುಕೊಂಡು ನಿದ್ರಿಸುತ್ತದೆ. ಈ ರಚನೆಯಲ್ಲಿ ವಿಜ್ಞಾನ ಬಲ್ಲ ಓದುಗರು ಒಪ್ಪಲಾರದ ಅಂಶಗಳು ಯಾವುವು ಎಂದು ತಿಳಿಸುವಿರಾ?

ಉತ್ತರ – ಭಾರಕೇಂದ್ರ

ಮೊದಲು ಕಾಲುಗಳನ್ನು ನೋಡೋಣ. ಗುರುತ್ವ ಹೆಚ್ಚಾದರೆ ಪ್ರಾಣಿಯ ತೂಕವೂ ಅದನ್ನು ಮೇಲೆತ್ತುವ ತೇಲುಬಲವೂ ಒಂದೇ ಪ್ರಮಾಣದಲ್ಲಿ ಹೆಚ್ಚುವುದರಿಂದ ತೇಲುವ ಮಟ್ಟ ಬದಲಾಗುವುದಿಲ್ಲ. ಆದರೆ ಕೆಸರಿನ ಗಟ್ಟಿತನ ಗುರುತ್ವದೊಂದಿಗೆ ಹೆಚ್ಚುವುದಿಲ್ಲವಾದ್ದರಿಂದ, ತೆಳುವಾದ ಕಾಲು ಭೂಮಿಯಲ್ಲಿ ಹೂತುಹೋಗುವುದಕ್ಕಿಂತ ಅಲ್ಲಿ ಹೆಚ್ಚು ಆಳಕ್ಕೆ ಹೋಗುತ್ತದೆ. ಕಾಲನ್ನು ಹೊರಕ್ಕೆ ಎಳೆಯುವುದು ಇನ್ನೂ ಕಷ್ಟ, ಏಕೆಂದರೆ ಎಳೆದಾಗ ಪಾದದಡಿಯಲ್ಲಿ ಒತ್ತಡ ಕುಸಿದು ಕೆಸರು ಹಿಡಿದುಕೊಳ್ಳುತ್ತದೆ. ಆನೆಯ ಪಾದವು ಭಾರ ಬಿದ್ದಾಗ ಅಗಲವಾಗಿ, ಎತ್ತಿದಾಗ ಕಿರಿದಾಗುವುದರಿಂದ ಈ ತೊಂದರೆಯನ್ನು ಬಹುಮಟ್ಟಿಗೆ ನಿವಾರಿಸಿಕೊಳ್ಳುತ್ತದೆ. ನಿಮ್ಮ ಪ್ರಾಣಿಗೆ ಅಂಥ ಪಾದಗಳನ್ನು ಕೊಡಿ. ಇಲ್ಲವೇ ಕಾಲುಗಳನ್ನೇ ಬಿಟ್ಟು, ಅಳಿವೆಗಳ ಕೆಸರುಮೀನು ಮುಂದಿನ ಎರಡು ರೆಕ್ಕೆಗಳನ್ನು ಊರುಗೋಲಿನಂತೆ ಊರಿಕೊಂಡು ಸಾಗುವಂತೆ, ಅಗಲವಾದ ಹೊಟ್ಟೆಯ ಮೇಲೆ ಜಾರುವ ಪ್ರಾಣಿಯನ್ನಾಗಿ ಮಾಡಿ. ನನಗೆ ಎರಡನೆಯದೇ ಹೆಚ್ಚು ಹಿಡಿಸುತ್ತದೆ. ಆರು ಕಾಲಿನ ಅನ್ಯಲೋಕದ ಪ್ರಾಣಿಗಳನ್ನು ನಾವು ಸಾಕಷ್ಟು ಕಂಡಿದ್ದೇವೆ.

ಉತ್ತರ – ಕೆರೆಯಂಗಳ

ಕಾಲಿಗಿಂತ ದೊಡ್ಡ ಸಮಸ್ಯೆ ಉಸಿರಿನದು. ಒಂದು ಲೀಟರ್ ಗಾಳಿಯಲ್ಲಿರುವ ಆಮ್ಲಜನಕದ ಸುಮಾರು 30ರಲ್ಲಿ ಒಂದು ಪಾಲು ಮಾತ್ರ ಒಂದು ಲೀಟರ್ ನೀರಿನಲ್ಲಿರುತ್ತದೆ. ನಿಂತ ನೀರಿನೊಳಗೆ ಅದು ಹರಡುವ ವೇಗವಂತೂ ಗಾಳಿಯಲ್ಲಿ ಹರಡುವುದರ ಸುಮಾರು ಹತ್ತು ಸಾವಿರದಲ್ಲೊಂದು ಪಾಲು. ಜೌಗಿನಲ್ಲಿ ಕೊಳೆಯುವ ಎಲೆ, ಕಡ್ಡಿಗಳು ಆ ಅಲ್ಪವನ್ನೂ ಹೀರಿಬಿಡುತ್ತವೆ. ಉತ್ತರ ಕನ್ನಡದ ಕತ್ತಲೆಕಾನಿನ ರಾಮಪತ್ರೆ ಜಡ್ಡಿಯಲ್ಲಿ, ಅಂದರೆ ಜೌಗುಕಾಡಿನಲ್ಲಿ, ಮರಗಳೇ ಮಂಡಿಯಂತೆ ಬಾಗಿದ ಬೇರುಗಳನ್ನು ಕೆಸರಿನಿಂದ ಮೇಲೆತ್ತಿ ಗಾಳಿ ಪಡೆಯಬೇಕಾಗಿರುವಾಗ, ಎತ್ತಿನಷ್ಟು ದೊಡ್ಡ ಪ್ರಾಣಿ ಕಿವಿರುಗಳನ್ನೇ ನೆಚ್ಚಿಕೊಂಡು ಬದುಕುವುದನ್ನು ನಾನು ಒಪ್ಪಲಾರೆ.

ನಿಮ್ಮ ನಕ್ಷತ್ರ ಇದನ್ನು ಇನ್ನಷ್ಟು ಬಿಗಡಾಯಿಸುತ್ತದೆ. ಕೆಂಪು ಕುಬ್ಜದ ಬೆಳಕಿನ ಹೆಚ್ಚಿನ ಭಾಗ ಅವಕೆಂಪು ವ್ಯಾಪ್ತಿಯಲ್ಲಿದ್ದು, ನೀರು ಅದನ್ನು ಮೇಲ್ಪದರದಲ್ಲಿಯೇ ಹೀರಿಕೊಳ್ಳುತ್ತದೆ. ಆದ್ದರಿಂದ ಸಸ್ಯಗಳು ನಮ್ಮ ಕೆರೆಗಳ ಅಂತರಗಂಗೆಯಂತೆ ನೀರಿನ ಮೇಲೆ ಹಾಸಿಕೊಂಡು ಬೆಳೆಯುವ ಸಂಭವ ಹೆಚ್ಚು. ಅಂಥ ಹಾಸಿನಡಿಯಲ್ಲಿ ಬೆಳಕೂ ಇಲ್ಲ, ಆಮ್ಲಜನಕವೂ ಇಲ್ಲ. ಮೇಲಕ್ಕೆ ಬಂದು ಗಾಳಿ ನುಂಗುವ ಶ್ವಾಸಕೋಶ ಕೆಸರಾಳಿಗೆ ಅನಿವಾರ್ಯ. ನೀರಿನಡಿಯಲ್ಲಿ ದೊಡ್ಡ ಕಣ್ಣುಗಳಿಂದ ಪ್ರಯೋಜನವಿಲ್ಲ. ಆಫ್ರಿಕಾದ ಕೆಲವು ಮೀನುಗಳು ಕ್ಷೀಣವಾದ ವಿದ್ಯುತ್ತನ್ನು ಹೊಮ್ಮಿಸಿ, ಅದರಲ್ಲಿ ಉಂಟಾಗುವ ಏರುಪೇರಿನಿಂದ ಸುತ್ತಲಿನ ವಸ್ತುಗಳನ್ನು ಗುರುತಿಸುತ್ತವೆ. ಕೆಸರಾಳಿಗೂ ಅಂಥ ಇಂದ್ರಿಯವೇ ತಕ್ಕದ್ದು.

ಉತ್ತರ – ಬುಧಪಥ

ಇಬ್ಬರೂ ಗಮನಿಸದ ಒಂದು ತೊಡಕಿದೆ. ಒಂದೇ ಮುಖ ಸದಾ ನಕ್ಷತ್ರದ ಕಡೆಗಿರುವ ಗ್ರಹದಲ್ಲಿ ಬೇಸಿಗೆ ಎಲ್ಲಿಂದ ಬರಬೇಕು? ಋತುಗಳೇ ಇಲ್ಲದ ಕಡೆ ಜೌಗು ವರ್ಷಕ್ಕೊಮ್ಮೆ ಒಣಗಲು ಕಾರಣವಿಲ್ಲ, ಹೂತು ನಿದ್ರಿಸುವ ಅಗತ್ಯವೂ ಇಲ್ಲ. ಆ ನಿದ್ರೆ ಕಥೆಗೆ ಬೇಕೇ ಬೇಕೆಂದಾದರೆ ಬುಧಗ್ರಹವನ್ನು ಅನುಸರಿಸಿ. ಅದು ಸೂರ್ಯನನ್ನು ಎರಡು ಸುತ್ತು ಹಾಕುವಷ್ಟರಲ್ಲಿ ತನ್ನ ಅಕ್ಷದ ಮೇಲೆ ಮೂರು ಸಲ ತಿರುಗುತ್ತದೆ, ಹೀಗಾಗಿ ಅಲ್ಲಿ ಒಂದು ಸೂರ್ಯೋದಯದಿಂದ ಇನ್ನೊಂದಕ್ಕೆ ಬುಧನದೇ ಎರಡು ವರ್ಷ ಹಿಡಿಯುತ್ತದೆ. ನಿಮ್ಮ ಗ್ರಹದ ಕಕ್ಷೆಯನ್ನು ತುಸು ದೀರ್ಘವೃತ್ತವಾಗಿಸಿ ಇದೇ ಲಯವನ್ನು ಕೊಟ್ಟರೆ ನಮ್ಮ ಲೆಕ್ಕದಲ್ಲಿ ಸುಮಾರು 11 ದಿನ ಹಗಲು, 11 ದಿನ ಇರುಳು ದೊರೆಯುತ್ತವೆ. ನಿತ್ಯಸಂಜೆಯ ಸೊಗಸು ಹೋಗುತ್ತದೆ, ನಿಜ.

ಮತ್ತೆ – ನೀಳ್ಗತೆ

ನಿತ್ಯಸಂಜೆಯನ್ನು ಬಿಡಲು ಸಿದ್ಧಳಿದ್ದೇನೆ. ಆದರೆ ಹನ್ನೊಂದು ದಿನದ ಇರುಳಿನಲ್ಲಿ ಜೌಗಿನ ಮೇಲೆ ಮಂಜುಗಡ್ಡೆ ಕಟ್ಟಿದರೆ, ಗಾಳಿ ನುಂಗುವ ಪ್ರಾಣಿ ಉಸಿರುಗಟ್ಟಿ ಸಾಯುವುದಿಲ್ಲವೇ?

ಉತ್ತರ – ಕೆರೆಯಂಗಳ

ಸಾಯಬೇಕಾಗಿಲ್ಲ. ಯುರೋಪಿನ ಕೆರೆಗಳಲ್ಲಿರುವ ಕ್ರೂಷಿಯನ್ ಕಾರ್ಪ್ ಎಂಬ ಮೀನು ಚಳಿಗಾಲದಲ್ಲಿ ಮಂಜುಗಡ್ಡೆಯಡಿ ಆಮ್ಲಜನಕವಿಲ್ಲದೆಯೇ ತಿಂಗಳುಗಟ್ಟಲೆ ಬದುಕಿರುತ್ತದೆ. ಯಕೃತ್ತಿನಲ್ಲಿ ಕೂಡಿಟ್ಟ ಗ್ಲೈಕೋಜನ್ ಎಂಬ ಸಕ್ಕರೆಯ ದಾಸ್ತಾನನ್ನು ಅದು ಆಮ್ಲಜನಕವಿಲ್ಲದೆ ಒಡೆಯುತ್ತದೆ. ಆಗ ಮೈಯಲ್ಲಿ ಸೇರಬೇಕಾದ ಲ್ಯಾಕ್ಟಿಕ್ ಆಮ್ಲವನ್ನು ಆಲ್ಕೋಹಾಲನ್ನಾಗಿ ಮಾರ್ಪಡಿಸಿ ಕಿವಿರುಗಳ ಮೂಲಕ ಹೊರಹಾಕುತ್ತದೆ. ಕೆಸರಾಳಿಗೆ ದೊಡ್ಡ ಯಕೃತ್ತನ್ನು ಕೊಟ್ಟು, ಶ್ವಾಸಕೋಶದ ಜೊತೆಗೆ ಕಿವಿರುಗಳನ್ನೂ ಉಳಿಸಿಕೊಳ್ಳಿ: ಹಗಲಿನಲ್ಲಿ ಗಾಳಿ ನುಂಗಲು ಶ್ವಾಸಕೋಶ, ಇರುಳಿನಲ್ಲಿ ಆಲ್ಕೋಹಾಲ್ ಹೊರಬಿಡಲು ಕಿವಿರು. ಮೈ ದೊಡ್ಡದಾದಷ್ಟೂ ಪ್ರತಿ ಕಿಲೋ ತೂಕಕ್ಕೆ ತಗಲುವ ಶಕ್ತಿ ಕಡಿಮೆಯಾದ್ದರಿಂದ ನೀವು ಬಯಸಿದ ಎತ್ತಿನ ಗಾತ್ರ ಇಲ್ಲಿ ಅನುಕೂಲವೇ ಆಗುತ್ತದೆ. ಬೆಳಗಾದ ಮೇಲೆ ಹೊಟ್ಟೆ ತುಂಬ ತಿಂದು ಗ್ಲೈಕೋಜನ್ ಮರುತುಂಬಿಸಿಕೊಳ್ಳಲು ಅದಕ್ಕೆ ಇರುವುದು ಹನ್ನೊಂದೇ ದಿನ. ಆದ್ದರಿಂದ ಅದು ಏನನ್ನು ತಿನ್ನುತ್ತದೆ ಎಂಬುದನ್ನು ಮುಂದೆ ನಿರ್ಧರಿಸಿ. ಆ ಹಾಸುಸಸ್ಯಗಳಲ್ಲಿ ಪಿಷ್ಟ ಹೇರಳವಾಗಿದ್ದರೆ ಬೇಟೆಯಾಡುವ ಪ್ರಾಣಿಗಿಂತ ಮೇಯುವ ಪ್ರಾಣಿಯೇ ಹೆಚ್ಚು ನಂಬಲರ್ಹವಾಗುತ್ತದೆ.