ಫಾಸ್ಟ್ಯಾಗ್: ಗೇಟ್ ತೆಗೆಯೋದು ಯಾವುದು, ದುಡ್ಡು ಹೋಗೋದು ಯಾವಾಗ? ಘಟ್ಟ ಇಳಿದು ಹತ್ತುವವರ ಅನುಮಾನಗಳು

ಪ್ರಶ್ನೆ: ಸಾಗರದ ಸವಾರ

ಕೆಎ 15 ಕಾರು, ಸ್ವಂತ ಬಳಕೆ. ಎರಡು ದಾರಿಯಲ್ಲಿ ಓಡಾಟ. ಒಂದು, ಹೊಸನಗರ, ಹುಲಿಕಲ್ ಘಾಟಿ ಇಳಿದು ಕುಂದಾಪುರ, ಅಲ್ಲಿಂದ ಸಾಸ್ತಾನ ಟೋಲ್ ದಾಟಿ ಉಡುಪಿ. ಇನ್ನೊಂದು, ಶಿವಮೊಗ್ಗ, ಅರಸೀಕೆರೆ, ತುಮಕೂರು ಮೇಲೆ ಬೆಂಗಳೂರು.

ಗೊತ್ತಿರುವವರು ಬಿಡಿಸಿ ಹೇಳಿ. ಗೇಟ್ ತೆಗೆದುಕೊಳ್ಳೋದು ಬ್ಯಾಂಕಿನಿಂದ ದುಡ್ಡು ಕಟ್ ಆದ ಮೇಲೋ, ಅದಕ್ಕೂ ಮುಂಚೆಯೋ? ಘಾಟಿಯಲ್ಲಿ ನೆಟ್‌ವರ್ಕ್ ಇರಲ್ಲ, ಹಾಗಾಗಿ ರೀಚಾರ್ಜ್ ಎಷ್ಟು ಮುಂಚೆ ಮಾಡಿರಬೇಕು? ಮಳೆಗಾಲದಲ್ಲಿ ಟ್ಯಾಗ್ ಒಂದೇ ಸಲಕ್ಕೆ ಓದಲ್ಲ, ಹುಡುಗರು ಕೈ ಮೆಷಿನ್ ತರುತ್ತಾರೆ. ಅದು ಟ್ಯಾಗಿನ ತೊಂದರೆಯೋ, ಗಾಜಿನದ್ದೋ? ಮತ್ತೆ ವಾರ್ಷಿಕ ಪಾಸ್ ನಮ್ಮ ಕಡೆಯವರಿಗೆ ಲೆಕ್ಕಕ್ಕೆ ಬರುತ್ತಾ?

ಉತ್ತರ: ಲೇನ್ ನಂಬರ್ 4

ಮೊದಲನೇ ಪ್ರಶ್ನೆ ಸರಿಯಾಗಿ ಅರ್ಥವಾದರೆ ಉಳಿದ ಅರ್ಧ ತಾನಾಗೇ ಬಗೆಹರಿಯುತ್ತೆ.

ಟ್ಯಾಗಿನೊಳಗೆ ಬ್ಯಾಟರಿ ಇಲ್ಲ, ದುಡ್ಡೂ ಇಲ್ಲ. ಕಾಗದದ ಪದರದ ನಡುವೆ ಒಂದು ಸಣ್ಣ ಚಿಪ್, ಅದರ ಸುತ್ತ ತೆಳು ಲೋಹದ ಆಂಟೆನಾ, ಅಷ್ಟೇ. ಲೇನಿನ ಮೇಲಿರುವ ರೀಡರ್ 865ರಿಂದ 867 ಮೆಗಾಹರ್ಟ್ಸ್ ತರಂಗ ಬಿಡುತ್ತೆ. ಆ ತರಂಗದ ಶಕ್ತಿಯಲ್ಲೇ ಚಿಪ್ ಎಚ್ಚರಗೊಂಡು ತನ್ನ ಗುರುತಿನ ಸಂಖ್ಯೆ, ವಾಹನದ ವರ್ಗ ಇವನ್ನು ಹೇಳುತ್ತೆ. ರೀಡರ್ ಇದನ್ನು ಪ್ಲಾಜಾದ ಕಂಪ್ಯೂಟರಿಗೆ ಕೊಡುತ್ತೆ. ಕಂಪ್ಯೂಟರ್ ನೋಡೋದು ನಿಮ್ಮ ಖಾತೆಯಲ್ಲಿ ಎಷ್ಟಿದೆ ಅಂತ ಅಲ್ಲ. ಈ ಟ್ಯಾಗ್ ಚಾಲ್ತಿಯಲ್ಲಿದೆಯಾ, ಬ್ಲ್ಯಾಕ್‌ಲಿಸ್ಟ್ ಅಥವಾ ಕಡಿಮೆ ಬ್ಯಾಲೆನ್ಸ್ ಪಟ್ಟಿಯಲ್ಲಿದೆಯಾ ಅಂತ. ಪಟ್ಟಿಯಲ್ಲಿ ಇಲ್ಲ ಅಂದರೆ ಬೂಮ್, ಅಂದರೆ ಗೇಟಿನ ಅಡ್ಡಕಂಬ, ಏಳುತ್ತೆ, ಗಾಡಿ ಹೋಗುತ್ತೆ.

ದುಡ್ಡಿನ ವ್ಯವಹಾರ ಆಮೇಲೆ. ಪ್ಲಾಜಾದ ಪರವಾಗಿ ಕೆಲಸ ಮಾಡುವ ಬ್ಯಾಂಕು ಗಾಡಿಯ ವಿವರವನ್ನು ಎನ್‌ಪಿಸಿಐಗೆ, ಅಂದರೆ ರಾಷ್ಟ್ರೀಯ ಪಾವತಿ ನಿಗಮಕ್ಕೆ, ಕಳಿಸುತ್ತೆ. ಎನ್‌ಇಟಿಸಿ ಅನ್ನೋ ಈ ಇಡೀ ಟೋಲ್ ಪಾವತಿ ಜಾಲವನ್ನು ನಡೆಸೋದು ಅವರೇ. ಅವರು ನಿಮಗೆ ಟ್ಯಾಗ್ ಕೊಟ್ಟ ಬ್ಯಾಂಕು ಯಾವುದು ಅಂತ ಹುಡುಕಿ ಅಲ್ಲಿಗೆ ದಾಟಿಸುತ್ತಾರೆ. ಆ ಬ್ಯಾಂಕು ದುಡ್ಡು ಕಡಿದು ಎಸ್‌ಎಂಎಸ್ ಹಾಕುತ್ತೆ. ಮಧ್ಯೆ ಎಲ್ಲಿ ತಡವಾದರೂ ಮೆಸೇಜ್ ತಡ. ಸಾಸ್ತಾನ ದಾಟಿ ಉಡುಪಿ ಮುಟ್ಟಿದ ಮೇಲೆ ಮೆಸೇಜ್ ಬಂತು ಅಂದರೆ ಗಾಬರಿ ಬೇಡ. ಸ್ಟೇಟ್‌ಮೆಂಟಿನಲ್ಲಿ ರೀಡರ್ ಓದಿದ ಸಮಯ ಬೇರೆಯೇ ಇರುತ್ತೆ, ಅದನ್ನು ನೋಡಿ.

ಪಟ್ಟಿಯಲ್ಲಿ ಇಲ್ಲ, ಆದರೆ ಖಾತೆಯಲ್ಲಿ ಟೋಲಿಗಿಂತ ಸ್ವಲ್ಪ ಕಡಿಮೆ ಇದೆ ಅಂತಿಟ್ಟುಕೊಳ್ಳಿ. ಆಗ ಟ್ಯಾಗ್ ಕೊಳ್ಳುವಾಗ ಕೊಟ್ಟ ಭದ್ರತಾ ಠೇವಣಿಯಿಂದ, ಕಾರಿಗೆ ಸಾಮಾನ್ಯವಾಗಿ 200 ರೂಪಾಯಿ ಇರುತ್ತೆ, ಅದರಿಂದ ಹೊಂದಿಸಿಕೊಳ್ಳುತ್ತಾರೆ. ಮುಂದಿನ ರೀಚಾರ್ಜಿನಲ್ಲಿ ಮೊದಲು ಆ ಠೇವಣಿ ತುಂಬುತ್ತೆ. 500 ಹಾಕಿದರೂ ಬ್ಯಾಲೆನ್ಸ್ 500 ತೋರಿಸಲಿಲ್ಲ ಅಂತ ಕೇಳುವವರಿಗೆ ಉತ್ತರ ಎಷ್ಟೋ ಸಲ ಇದೇ.

ರೀಚಾರ್ಜ್ ಮಾತಿಗೆ ಬರೋಣ. ದುಡ್ಡು ಹಾಕಿದ ಮೇಲೆ ನಿಮ್ಮ ಬ್ಯಾಂಕು ಟ್ಯಾಗನ್ನು ಪಟ್ಟಿಯಿಂದ ತೆಗೆಯಬೇಕು, ಆ ಬದಲಾವಣೆ ಎನ್‌ಪಿಸಿಐ ಮೂಲಕ ಪ್ಲಾಜಾಕ್ಕೆ ಗೊತ್ತಾಗಬೇಕು. ಗೇಟಿನ ಮುಂದೆ ನಿಂತು ಯುಪಿಐ ಮಾಡಿದರೆ ಎರಡನೇ ಹೆಜ್ಜೆ ಆಗೋದರೊಳಗೆ ಹಿಂದಿನವರು ಹಾರ್ನ್ ಹೊಡೆಯುತ್ತಿರುತ್ತಾರೆ. 2025ರ ಫೆಬ್ರವರಿ 17ರಿಂದ, ಗೇಟ್ ಮುಟ್ಟುವ 60 ನಿಮಿಷ ಮುಂಚೆಯೇ ಟ್ಯಾಗ್ ಪಟ್ಟಿಯಿಂದ ಹೊರಗಿರಬೇಕು ಅನ್ನೋ ನಿಯಮವೂ ಬಂದಿದೆಯಂತೆ. ಹಾಗಾಗಿ ಸಾಗರದಲ್ಲೋ ಹೊಸನಗರದಲ್ಲೋ ಸಿಗ್ನಲ್ ಇರುವಾಗಲೇ ಹಾಕಿಕೊಳ್ಳಿ. ಆಗುಂಬೆ ಕಡೆಯಿಂದ ಇಳಿಯುವವರು ತೀರ್ಥಹಳ್ಳಿಯಲ್ಲೇ ಮುಗಿಸಿಕೊಳ್ಳಬೇಕು. ನೆಟ್‌ವರ್ಕ್ ಬೇಕಾಗಿರೋದು ನಿಮ್ಮ ಫೋನಿಗೆ, ಟ್ಯಾಗಿಗಲ್ಲ. ಫೋನ್ ಸ್ವಿಚ್ ಆಫ್ ಆಗಿದ್ದರೂ ಟ್ಯಾಗ್ ಓದುತ್ತೆ.

ಇನ್ನೂ ಒಳ್ಳೆಯದು ಆಟೋ ರೀಚಾರ್ಜ್. ಬ್ಯಾಲೆನ್ಸ್ ಇಷ್ಟಕ್ಕಿಂತ ಇಳಿದರೆ ಇಷ್ಟು ತುಂಬು ಅಂತ ಬ್ಯಾಂಕಿಗೆ ಒಂದು ಸಲ ಮ್ಯಾಂಡೇಟ್, ಅಂದರೆ ಮುಂಗಡ ಒಪ್ಪಿಗೆ, ಕೊಟ್ಟರೆ ಸಾಕು. ಇಂಥ ಕಡಿತಕ್ಕೆ 24 ಗಂಟೆ ಮುಂಚೆ ಸೂಚನೆ ಕೊಡಲೇಬೇಕು ಅನ್ನೋ ನಿಯಮದಿಂದ ಆರ್‌ಬಿಐ 2024ರಲ್ಲಿ ಫಾಸ್ಟ್ಯಾಗಿಗೆ ವಿನಾಯಿತಿ ಕೊಟ್ಟಿದೆ. ಅದಕ್ಕೇ ತಕ್ಷಣ ತುಂಬುತ್ತೆ.

ಉತ್ತರ: ತೀರ್ಥಹಳ್ಳಿ ಗ್ಯಾರೇಜು

ಮಳೆ ಮತ್ತು ಗಾಜಿನ ಬಗ್ಗೆ ನಾನು ಹೇಳ್ತೀನಿ.

ಆಗುಂಬೆ ಮಂಜಿನಿಂದ ಟ್ಯಾಗಿಗೆ ಏನೂ ಆಗಲ್ಲ. ಗಾಜಿನ ಮೇಲೆ ದಪ್ಪಗೆ ಹರಿಯುವ ನೀರು ಬೇರೆ ವಿಷಯ. ಈ ತರಂಗವನ್ನು ನೀರು ಚೆನ್ನಾಗಿಯೇ ಹೀರಿಕೊಳ್ಳುತ್ತೆ. ಹೊಸ ಟ್ಯಾಗಿಗೆ ಇದು ಲೆಕ್ಕಕ್ಕಿಲ್ಲ. ಮೊದಲೇ ಅಂಚು ಎದ್ದ, ಗುಳ್ಳೆ ಬಂದ ಟ್ಯಾಗಾದರೆ ಮಳೆಯಲ್ಲಿ ಕೈಕೊಡುತ್ತೆ. ಲೇನಿಗೆ ಬರುವಾಗ ವೈಪರ್ ಓಡುತ್ತಿರಲಿ, ನಿಧಾನಕ್ಕೆ ಬನ್ನಿ.

ಮಲೆನಾಡಿನಲ್ಲಿ ನಿಜವಾದ ತೊಂದರೆ ಒಳಗಿನ ತೇವ. ಜೂನ್‌ನಿಂದ ಸೆಪ್ಟೆಂಬರ್ ತನಕ ಗಾಜಿನ ಒಳಮೈ ಸದಾ ಹಸಿ. ಜನ ಅದನ್ನು ಒದ್ದೆ ಬಟ್ಟೆಯಲ್ಲಿ ಉಜ್ಜಿ ಉಜ್ಜಿ ಟ್ಯಾಗಿನ ಅಂಚು ಎಬ್ಬಿಸುತ್ತಾರೆ. ಅಂಟು ಬಿಟ್ಟ ಕಡೆ ಗಾಳಿ ಸೇರಿ ಗುಳ್ಳೆ ಬರುತ್ತೆ, ಆಮೇಲೆ ಸುರುಳಿ ಸುತ್ತಿಕೊಳ್ಳುತ್ತೆ. ಆಂಟೆನಾದ ಲೋಹದ ಗೆರೆ ಒಂದು ಕಡೆ ಸೀಳಿದರೂ ಮುಗಿಯಿತು. ಕಿತ್ತು ಬೇರೆ ಕಡೆ ಅಂಟಿಸುವ ಪ್ರಯತ್ನ ಬೇಡ. ಕಿತ್ತರೆ ಹರಿಯುವ ಹಾಗೇ ಅದನ್ನು ಮಾಡಿರೋದು, ಇನ್ನೊಂದು ಗಾಡಿಗೆ ಹಾಕಬಾರದು ಅಂತ.

ಹೊಸದು ಅಂಟಿಸುವಾಗ ಹೀಗೆ ಮಾಡಿ. ಹೀಟರನ್ನು ಗಾಜಿನ ಕಡೆ ತಿರುಗಿಸಿ ಸ್ವಲ್ಪ ಹೊತ್ತು ಓಡಿಸಿ, ಗಾಜು ಪೂರ್ತಿ ಒಣಗಲಿ. ಒಣ ಬಟ್ಟೆಯಲ್ಲಿ ಒರೆಸಿ. ಟ್ಯಾಗನ್ನು ಒಂದು ಅಂಚಿನಿಂದ ಶುರುಮಾಡಿ ಬೆರಳಲ್ಲಿ ಒತ್ತುತ್ತಾ ಬನ್ನಿ, ಒಂದೇ ಸಲ ಬಡಿದು ಅಂಟಿಸಬೇಡಿ. ಜಾಗ ಗಾಜಿನ ಮೇಲ್ಭಾಗದ ಮಧ್ಯ, ಕನ್ನಡಿಯ ಹಿಂದೆ. ಕೆಲವು ಕಾರಿನ ಗಾಜಿನಲ್ಲಿ ಶಾಖ ತಡೆಯಲು ಲೋಹದ ತೆಳು ಲೇಪ ಇರುತ್ತೆ. ತರಂಗವನ್ನೂ ಅದು ತಡೆಯುತ್ತೆ. ಅಂಥ ಕಾರಿಗೆ ಕನ್ನಡಿಯ ಸುತ್ತ ಲೇಪ ಬಿಟ್ಟ ಕಿಟಕಿಯಂಥ ಜಾಗ ಇರುತ್ತೆ, ಗಾಡಿಯ ಕೈಪಿಡಿಯಲ್ಲಿ ತೋರಿಸಿರುತ್ತಾರೆ. ಟ್ಯಾಗ್ ಅಲ್ಲೇ ಬರಬೇಕು. ಡ್ಯಾಶ್‌ಕ್ಯಾಮ್, ಲೋಹದ ಹಿಡಿ ಇರುವ ಫೋನ್ ಸ್ಟ್ಯಾಂಡ್, ದೇವರ ತಗಡಿನ ಫೋಟೋ ಇವು ಟ್ಯಾಗಿಗೆ ಒತ್ತಿಕೊಂಡು ಇರಬಾರದು.

ಒಂದೇ ಪ್ಲಾಜಾದಲ್ಲಿ ಓದಲಿಲ್ಲ ಅಂದರೆ ರೀಡರಿನ ತೊಂದರೆ ಇರಬಹುದು. ಬೇರೆಬೇರೆ ಕಡೆ, ಬಿಸಿಲಲ್ಲೂ ಕೈ ಮೆಷಿನ್ ಬೇಕಾಗುತ್ತಿದೆ ಅಂದರೆ ಟ್ಯಾಗ್ ಸತ್ತಿದೆ. ಅದೇ ಬ್ಯಾಂಕಿಗೆ ಬದಲಿ ಟ್ಯಾಗ್ ಕೇಳಿ. ಖಾತೆ, ಬ್ಯಾಲೆನ್ಸ್ ಹಾಗೇ ಉಳಿಯುತ್ತೆ. ಬೇರೆ ಬ್ಯಾಂಕಿನಿಂದ ತಂದರೆ ಒಂದು ಗಾಡಿಗೆ ಒಂದೇ ಟ್ಯಾಗ್ ನಿಯಮದ ಪ್ರಕಾರ ಹಳೆಯದು ಮುಚ್ಚಿಹೋಗುತ್ತೆ. ಆಮೇಲೆ ಹಳೆಯದರ ಬಾಕಿ, ಠೇವಣಿ ವಾಪಸ್ ಪಡೆಯಲು ಬೇರೆ ಓಡಾಟ.

ಟ್ಯಾಗನ್ನು ಅಂಟಿಸದೆ ಡ್ಯಾಶ್‌ಬೋರ್ಡಿನಲ್ಲಿ ಇಟ್ಟುಕೊಂಡು ಕೈಯಲ್ಲಿ ತೋರಿಸುವವರಿದ್ದಾರೆ. ದಯವಿಟ್ಟು ಬಿಡಿ. 2025ರ ಜುಲೈಯಿಂದ ಅಂಥ ಟ್ಯಾಗನ್ನು ಕಂಡ ಕೂಡಲೇ ವರದಿ ಮಾಡಿ ಬ್ಲ್ಯಾಕ್‌ಲಿಸ್ಟ್ ಮಾಡಿಸಿ ಅಂತ ಹೆದ್ದಾರಿ ಪ್ರಾಧಿಕಾರ ಪ್ಲಾಜಾಗಳಿಗೆ ಹೇಳಿದೆ.

ಉತ್ತರ: ಭದ್ರಾವತಿ 77

ಲೇನ್ ನಂಬರ್ 4 ಅವರ ಮಾತಿಗೆ ಒಂದು ತಿದ್ದುಪಡಿ. 60 ನಿಮಿಷದ ನಿಯಮವನ್ನು ಎಲ್ಲರೂ ತಪ್ಪಾಗಿ ಹಂಚುತ್ತಿದ್ದಾರೆ. ಟ್ಯಾಗ್ ಓದುವ 60 ನಿಮಿಷಕ್ಕೂ ಮುಂಚಿನಿಂದ ಪಟ್ಟಿಯಲ್ಲಿದ್ದು, ಓದಿದ 10 ನಿಮಿಷದ ನಂತರವೂ ಪಟ್ಟಿಯಲ್ಲೇ ಇದ್ದರೆ ಮಾತ್ರ ವ್ಯವಹಾರ 176 ಅನ್ನೋ ಕೋಡ್ ಬಂದು ತಿರಸ್ಕೃತ ಆಗುತ್ತೆ. ಇದು ಮುಖ್ಯವಾಗಿ ಎರಡು ಬ್ಯಾಂಕುಗಳ ನಡುವಿನ ತಕರಾರು ಬಗೆಹರಿಸಲು ಮಾಡಿದ ನಿಯಮ. ರಾಷ್ಟ್ರೀಯ ಹೆದ್ದಾರಿ ಪ್ಲಾಜಾಗಳಲ್ಲಿ ಐಸಿಡಿ 2.5 ಅನ್ನೋ ಪದ್ಧತಿ ಇದೆ, ಟ್ಯಾಗಿನ ಸ್ಥಿತಿ ಆ ಕ್ಷಣದ್ದೇ ಸಿಗುತ್ತೆ, ಹಾಗಾಗಿ ಗೇಟ್ ಮುಟ್ಟುವ ಮುಂಚೆ ಯಾವಾಗ ಬೇಕಾದರೂ ರೀಚಾರ್ಜ್ ಮಾಡಬಹುದು ಅಂತ ಪ್ರಾಧಿಕಾರವೇ ಸ್ಪಷ್ಟನೆ ಕೊಟ್ಟಿದೆ. ಆದರೆ ಆಗ ಕೆಲವು ರಾಜ್ಯ ಹೆದ್ದಾರಿ ಟೋಲುಗಳು ಇನ್ನೂ ಹಳೆಯ 2.4ರಲ್ಲೇ ಇದ್ದವು. ಅಲ್ಲಿ ಪಟ್ಟಿ ಆಗಾಗ ಇಳಿಸಿಕೊಂಡಿದ್ದು, ಆ ಕ್ಷಣದ್ದಲ್ಲ. ಹಾಗಾಗಿ ಊರಲ್ಲೇ ರೀಚಾರ್ಜ್ ಮಾಡಿ ಅನ್ನೋ ಸಲಹೆ ಸರಿಯೇ, ಕಾರಣ ಮಾತ್ರ ಇದು.

ಟ್ಯಾಗ್ ಕೆಲಸ ಮಾಡದೇ ಇದ್ದರೆ ಎಷ್ಟು ಕೊಡಬೇಕು ಅನ್ನೋದು 2025ರ ನವೆಂಬರ್ 15ರಿಂದ ಬದಲಾಗಿದೆ. ಆಗ 100 ರೂಪಾಯಿ ಟೋಲ್ ಅಂದರೆ ನಗದಿನಲ್ಲಿ 200, ಯುಪಿಐನಲ್ಲಿ 125 ಅಂತ ಆಯಿತು. ಗೇಟಿನಲ್ಲಿ ಸಿಕ್ಕಿಬಿದ್ದರೆ ನೋಟು ತೆಗೆಯಬೇಡಿ, ಕ್ಯೂಆರ್ ಕೇಳಿ.

ಇನ್ನೊಂದು ನಿಯಮ ಎಲ್ಲರೂ ಬಾಯಿಪಾಠ ಮಾಡಬೇಕು. ಟ್ಯಾಗ್ ಸರಿಯಿದೆ, ದುಡ್ಡಿದೆ, ಅವರ ಯಂತ್ರ ಕೆಟ್ಟಿದೆ ಅಂದರೆ ನೀವು ಏನೂ ಕೊಡಬೇಕಾಗಿಲ್ಲ. ರಾಷ್ಟ್ರೀಯ ಹೆದ್ದಾರಿ ಟೋಲ್ ನಿಯಮಗಳಿಗೆ ಆದ 2018ರ ಮೇ 7ರ ತಿದ್ದುಪಡಿಯ ಪ್ರಕಾರ ಶೂನ್ಯ ಮೊತ್ತದ ರಸೀದಿ ಕೊಟ್ಟು ಬಿಡಲೇಬೇಕು. ವಾದ ಬಂದರೆ ಫೋನಿನಲ್ಲಿ ಟ್ಯಾಗಿನ ಸ್ಥಿತಿ, ಬ್ಯಾಲೆನ್ಸ್ ತೋರಿಸಿ, ಹೆದ್ದಾರಿ ಸಹಾಯವಾಣಿ 1033ಕ್ಕೆ ಅಲ್ಲಿಂದಲೇ ಫೋನ್ ಹಾಕಿ.

ಉತ್ತರ: ಶಿಕಾರಿಪುರ ರಸ್ತೆ

ವಾರ್ಷಿಕ ಪಾಸ್. 2025ರ ಆಗಸ್ಟ್ 15ರಂದು 3,000 ರೂಪಾಯಿಗೆ ಶುರುವಾಯಿತು. ಒಂದು ವರ್ಷ ಅಥವಾ 200 ಟ್ರಿಪ್, ಯಾವುದು ಮೊದಲೋ ಅದು. ಸ್ವಂತ ಬಳಕೆಯ ಕಾರು, ಜೀಪು, ವ್ಯಾನಿಗೆ ಮಾತ್ರ. ಕೊಳ್ಳೋದು ರಾಜ್‌ಮಾರ್ಗ್ ಯಾತ್ರಾ ಆ್ಯಪಿನಲ್ಲಿ ಅಥವಾ ಪ್ರಾಧಿಕಾರದ ಜಾಲತಾಣದಲ್ಲಿ. ಹೊಸ ಟ್ಯಾಗ್ ಬೇಡ, ಇರುವ ಟ್ಯಾಗಿನ ಮೇಲೇ ಕೂರುತ್ತೆ. ಆದರೆ ಟ್ಯಾಗಿನಲ್ಲಿ ಗಾಡಿಯ ನೋಂದಣಿ ಸಂಖ್ಯೆ ಇರಬೇಕು. ಶೋರೂಮಿನಲ್ಲಿ ಚಾಸಿ ನಂಬರಿಗೆ ಕೊಟ್ಟ ಟ್ಯಾಗ್ ಹಾಗೇ ಇದ್ದರೆ ಮೊದಲು ಬ್ಯಾಂಕಿಗೆ ಆರ್‌ಸಿ ಕೊಟ್ಟು ಸರಿಮಾಡಿಸಿಕೊಳ್ಳಿ.

ಟ್ರಿಪ್ ಎಣಿಕೆಯಲ್ಲಿ ಜನ ಎಡವುತ್ತಾರೆ. ನಮ್ಮ ಕಡೆ ಇರುವಂಥ ಮಾಮೂಲಿ ಟೋಲಿನಲ್ಲಿ ಒಂದು ಗೇಟ್ ಒಂದು ಸಲ ದಾಟಿದರೆ ಒಂದು ಟ್ರಿಪ್, ವಾಪಸ್ ಬಂದರೆ ಎರಡು. ದಾರಿಯಲ್ಲಿ ಎರಡು ಗೇಟ್ ಅಂದರೆ ಹೋಗಿಬರಲು ನಾಲ್ಕು, 200ಕ್ಕೆ ಐವತ್ತು ಸಲ ಹೋಗಿಬರಬಹುದು. ಸಾಗರದವರಿಗೆ ಅಷ್ಟು ಬೇಕಾಗಲಿಕ್ಕಿಲ್ಲ. ಹಾಗಾಗಿ ಟ್ರಿಪ್ ಎಣಿಸಬೇಡಿ, ಕಳೆದ ವರ್ಷದ ಸ್ಟೇಟ್‌ಮೆಂಟ್ ತೆಗೆದು ರಾಷ್ಟ್ರೀಯ ಹೆದ್ದಾರಿಯ ಪ್ಲಾಜಾಗಳಿಗೆ ಹೋದ ದುಡ್ಡು ಮಾತ್ರ ಕೂಡಿಸಿ. ಪಾಸಿನ ಬೆಲೆಗಿಂತ ಹೆಚ್ಚಿದ್ದರೆ ಕೊಳ್ಳಿ. ತಿಂಗಳಿಗೊಮ್ಮೆ ಬೆಂಗಳೂರು, ಆಗಾಗ ಉಡುಪಿ ಇದ್ದವರಿಗೆ ಬಹುತೇಕ ಗಿಟ್ಟುತ್ತೆ. ವರ್ಷಕ್ಕೆ ನಾಲ್ಕು ಮದುವೆಗೆ ಹೋಗುವವರಿಗೆ ಇಲ್ಲ.

ರಾಜ್ಯ ಹೆದ್ದಾರಿಗೆ ಇದು ನಡೆಯಲ್ಲ ಅನ್ನೋದು ನಮ್ಮ ಜಿಲ್ಲೆಯವರಿಗೆ ಮುಖ್ಯ. ಸಾಸ್ತಾನ, ಹೆಜಮಾಡಿ, ಕ್ಯಾತ್ಸಂದ್ರ ರಾಷ್ಟ್ರೀಯ ಹೆದ್ದಾರಿಯವು, ಪಾಸ್ ನಡೆಯುತ್ತೆ. ಶಿಕಾರಿಪುರ ಕಡೆಯ ಕುಟ್ರಹಳ್ಳಿಯಂಥ ರಾಜ್ಯ ಹೆದ್ದಾರಿ ಟೋಲಿಗೆ ಮಾಮೂಲಿ ಬ್ಯಾಲೆನ್ಸೇ ಬೇಕು. ಪಾಸ್ ಇದೆ ಅಂತ ಬ್ಯಾಲೆನ್ಸ್ ಖಾಲಿ ಬಿಟ್ಟರೆ ಅಲ್ಲಿ ಸಿಕ್ಕಿಹಾಕಿಕೊಳ್ಳುತ್ತೀರಿ.

ಪಾಸ್ ಬೇಡ ಅನ್ನುವವರೂ ಗಮನಿಸಿ: 24 ಗಂಟೆಯೊಳಗೆ ಅದೇ ಪ್ಲಾಜಾಕ್ಕೆ ವಾಪಸ್ ಬಂದರೆ ಎರಡೂ ಸೇರಿ ಒಂದೂವರೆ ಪಟ್ಟು ಮಾತ್ರ. ಬರುವಾಗ ತಾನಾಗೇ ಅರ್ಧ ಕಡಿಯುತ್ತೆ. ಪ್ಲಾಜಾದಿಂದ 20 ಕಿಲೋಮೀಟರ್ ಒಳಗಿನವರಿಗೆ ವಾಣಿಜ್ಯೇತರ ಗಾಡಿಗೆ ಸ್ಥಳೀಯ ಮಾಸಿಕ ಪಾಸ್ ಇದೆ, ಅದಕ್ಕೆ ವಿಳಾಸದ ದಾಖಲೆ, ಆರ್‌ಸಿ ಹಿಡಿದು ಆ ಪ್ಲಾಜಾದ ಕಚೇರಿಗೇ ಹೋಗಬೇಕು.

ಸಾಗರದ ಸವಾರ

ತುಂಬಾ ಉಪಕಾರ. ಚಾಸಿ ನಂಬರಿನ ವಿಷಯ ಈಗಲೇ ನೋಡ್ತೀನಿ. ಗಾಡಿ ಮನೆಯಲ್ಲೇ ಇದ್ದು ಯಾವುದೋ ಊರಿನ ಟೋಲ್ ಕಟ್ ಆದರೆ, ಅಥವಾ ಒಂದೇ ಗೇಟಿಗೆ ಎರಡು ಸಲ ದುಡ್ಡು ಹೋದರೆ ಯಾರನ್ನು ಕೇಳಬೇಕು?

ಉತ್ತರ: ಲೇನ್ ನಂಬರ್ 4

ಮನೆಯಲ್ಲಿದ್ದಾಗ ಕಟ್ ಆಗಲು ಸಾಮಾನ್ಯ ಕಾರಣ, ಓದದ ಟ್ಯಾಗಿಗೆ ಸಿಬ್ಬಂದಿ ಗಾಡಿ ನಂಬರನ್ನು ಕೈಯಲ್ಲಿ ಟೈಪ್ ಮಾಡೋದು. ಕೆಎ 14ರ ಬದಲು ಕೆಎ 15 ಒತ್ತಿದರೆ ಶಿವಮೊಗ್ಗದವರ ಟೋಲ್ ಸಾಗರದವರ ತಲೆಗೆ. ಕೈಯಾರೆ ನಮೂದಿಸಿ ಆಗುವ ಇಂಥ ತಪ್ಪು ಸಾಬೀತಾದರೆ ಪ್ರತಿ ಪ್ರಕರಣಕ್ಕೆ ಟೋಲ್ ಸಂಗ್ರಹಗಾರರ ಮೇಲೆ 1 ಲಕ್ಷ ರೂಪಾಯಿ ದಂಡ ಅಂತ ಪ್ರಾಧಿಕಾರ ನಿಯಮ ಮಾಡಿದೆ, ಆದ್ದರಿಂದ 70 ರೂಪಾಯಿ ತಾನೇ ಅಂತ ಬಿಡಬೇಡಿ. ರಾಷ್ಟ್ರೀಯ ಹೆದ್ದಾರಿಯಾದರೆ 1033ರಲ್ಲಿ ದೂರು ಬರೆಸಿ ಸಂಖ್ಯೆ ತೆಗೆದುಕೊಳ್ಳಿ. ಜೊತೆಗೆ ಟ್ಯಾಗ್ ಕೊಟ್ಟ ಬ್ಯಾಂಕಿನ ಆ್ಯಪಿನಲ್ಲಿ ಆ ವ್ಯವಹಾರದ ಮೇಲೆಯೇ ಡಿಸ್ಪ್ಯೂಟ್ (ತಕರಾರು) ಹಾಕಿ. ವ್ಯವಹಾರದ ಸಂಖ್ಯೆ, ಪ್ಲಾಜಾ ಹೆಸರು, ಓದಿದ ಸಮಯ ಬೇಕು. ಬ್ಯಾಂಕು ಚಾರ್ಜ್‌ಬ್ಯಾಕ್, ಅಂದರೆ ದುಡ್ಡು ವಾಪಸ್ ಕೊಡಿ ಅನ್ನೋ ಬೇಡಿಕೆ, ಎಬ್ಬಿಸುತ್ತೆ, ಪ್ಲಾಜಾ ಕಡೆಯವರು ಲೇನಿನ ಕ್ಯಾಮೆರಾ ಚಿತ್ರ ತೋರಿಸಿ ಸಮರ್ಥಿಸಿಕೊಳ್ಳಬೇಕು. ಚಿತ್ರದಲ್ಲಿ ನಿಮ್ಮ ಗಾಡಿ ಇಲ್ಲದಿದ್ದರೆ ದುಡ್ಡು ವಾಪಸ್. ರಾಜ್ಯ ಹೆದ್ದಾರಿಯ ಟೋಲಾದರೆ ಬ್ಯಾಂಕಿನ ದಾರಿ ಹಿಡಿಯಿರಿ.

ಟ್ಯಾಗ್ ಓದಲಿಲ್ಲ ಅಂತ ನಗದು ಕೊಟ್ಟಿದ್ದರೆ ರಸೀದಿ ಬಿಸಾಡಬೇಡಿ. ಆಮೇಲೆ ಟ್ಯಾಗಿನಿಂದಲೂ ಕಟ್ ಆದರೆ ಆ ಚೀಟಿಯೇ ನಿಮ್ಮ ಸಾಕ್ಷಿ. ನಮ್ಮ ಕಡೆ ಒದ್ದೆಯಾಗಿ ಅಕ್ಷರ ಅಳಿಸಿಹೋಗುತ್ತೆ, ಕೈಗೆ ಬಂದ ಕೂಡಲೇ ಫೋಟೋ ತೆಗೆದುಕೊಳ್ಳಿ.

ಉತ್ತರ: ಅಡಿಕೆ ಪಿಕಪ್

ಸರಕು ಗಾಡಿಯವರಿಗೆ ಒಂದು ಮಾತು. ಟ್ಯಾಗ್ ಕೊಡುವಾಗ ಏಜೆಂಟ್ ಆತುರದಲ್ಲಿ ವರ್ಗ ತಪ್ಪು ಹಾಕಿರುತ್ತಾನೆ. ಕಾರಿನ ಟ್ಯಾಗ್ ನೇರಳೆ ಬಣ್ಣ, ಲಘು ವಾಣಿಜ್ಯ ವಾಹನದ್ದು ಕಿತ್ತಳೆ. ಲೇನಿನಲ್ಲಿ ಆ್ಯಕ್ಸಲ್ ಎಣಿಸಿ ವರ್ಗ ನೋಡುವ ಯಂತ್ರ ಬೇರೆಯೇ ಇದೆ, ಅದರ ಲೆಕ್ಕಕ್ಕಿಂತ ಟ್ಯಾಗಿನ ವರ್ಗ ಕೆಳಗಿನದ್ದಾಗಿದ್ದರೆ ಗಾಡಿ ನಿಲ್ಲಿಸುತ್ತಾರೆ. ವರ್ಗ ಮೇಲಿನದ್ದಾಗಿದ್ದರೆ ಯಾರೂ ನಿಲ್ಲಿಸಲ್ಲ, ಸುಮ್ಮನೆ ಪ್ರತಿ ಸಲ ಹೆಚ್ಚು ಹೋಗುತ್ತಿರುತ್ತೆ. ಎನ್‌ಪಿಸಿಐ ಜಾಲತಾಣದ ಎನ್‌ಇಟಿಸಿ ವಿಭಾಗದಲ್ಲಿ ಗಾಡಿ ನಂಬರ್ ಹಾಕಿ ಟ್ಯಾಗ್ ಯಾವ ಬ್ಯಾಂಕಿನದು, ಚಾಲ್ತಿಯಲ್ಲಿದೆಯಾ ನೋಡಿಕೊಳ್ಳಿ, ಬ್ಯಾಂಕಿನ ಆ್ಯಪಿನಲ್ಲಿ ವರ್ಗ ನೋಡಿ. ತಪ್ಪಿದ್ದರೆ ಆರ್‌ಸಿಯ ಎರಡೂ ಬದಿಯ ಫೋಟೋ ಕಳಿಸಿ ಬ್ಯಾಂಕಿನಿಂದಲೇ ಸರಿಮಾಡಿಸಬೇಕು, ಪ್ಲಾಜಾದವರ ಕೈಯಲ್ಲಿ ಅದು ಇಲ್ಲ.

ಲೇನಿನಲ್ಲಿ ಮುಂದಿನ ಗಾಡಿಗೆ ಅಂಟಿಕೊಂಡು ಹೋಗಬೇಡಿ, ಒಂದು ಕಾರಿನಷ್ಟು ಜಾಗ ಬಿಡಿ. ಎರಡು ಟ್ಯಾಗ್ ಒಂದೇ ಸಲ ರೀಡರಿಗೆ ಸಿಕ್ಕರೆ ಯಾವುದು ಯಾರದು ಅಂತ ಗೊಂದಲವಾಗಿ ಬೂಮ್ ನಿಮ್ಮ ಬಾನೆಟ್ ಮೇಲೇ ಇಳಿಯಬಹುದು.