ಅಮಾನತಾಗಿ ನಾಲ್ಕೂವರೆ ತಿಂಗಳಾದರೂ ಜೀವನಾಧಾರ ಭತ್ಯೆ ಬಂದಿಲ್ಲ: ವಿಚಾರಣೆಗೆ ಹೋಗುವುದು ಹೇಗೆ?

ಪ್ರಶ್ನೆ (ಗೌರಿಬಿದನೂರಿನಿಂದ):
ನಾನು ಕೇಂದ್ರ ಸರ್ಕಾರದ ಒಂದು ಇಲಾಖೆಯಲ್ಲಿ ಗುಮಾಸ್ತ. ದೋಷಾರೋಪಣಾ ಪತ್ರ ಕೊಟ್ಟಿದ್ದಾರೆ, ಅಮಾನತಿನ ಅವಧಿಗೆ ಕೋಲಾರವನ್ನು ಕೇಂದ್ರಸ್ಥಾನವೆಂದು ನಿಗದಿ ಮಾಡಿದ್ದಾರೆ. ಇದುವರೆಗೆ ಒಂದು ರೂಪಾಯಿಯೂ ಬಂದಿಲ್ಲ. ಕೇಳಿದರೆ, ನಾನು ಕಚೇರಿಗೆ ಬಂದು ಹಾಜರಿ ಹಾಕಿಲ್ಲವೆನ್ನುತ್ತಾರೆ. ಸಾಲ ಮಾಡಿ ಚಿಕ್ಕಬಳ್ಳಾಪುರ, ಚಿಂತಾಮಣಿಗಳಲ್ಲಿ ಬಸ್ಸು ಬದಲಿಸಿಕೊಂಡು ಎರಡು ಸಲ ವಿಚಾರಣೆಗೆ ಹೋಗಿಬಂದೆ. ಮೂರನೆಯ ದಿನಾಂಕಕ್ಕೆ ಹೋಗುವ ಶಕ್ತಿ ನನಗಿಲ್ಲ.

ಉತ್ತರ (ಕೋಲಾರದಿಂದ, ನಿವೃತ್ತ ಅಧೀಕ್ಷಕ):
ಸರ್, ಮೊದಲು ಒಂದು ವಿಷಯ ಹೇಳಿ: ತಾವು ಬೇರೆ ಯಾವ ಉದ್ಯೋಗದಲ್ಲಾಗಲಿ, ವ್ಯಾಪಾರದಲ್ಲಾಗಲಿ, ವೃತ್ತಿಯಲ್ಲಾಗಲಿ ತೊಡಗಿಲ್ಲವೆಂಬ ಪ್ರಮಾಣಪತ್ರವನ್ನು ಪ್ರತಿ ತಿಂಗಳೂ ಕೊಟ್ಟಿದ್ದೀರಾ? ಮೂಲಭೂತ ನಿಯಮ 53ರಂತೆ ಭತ್ಯೆ ಪಾವತಿಯಾಗಲು ಬೇಕಾದದ್ದು ಆ ಪತ್ರವೇ ಹೊರತು ದಿನದ ಹಾಜರಿಯಲ್ಲ. ನಾನು ಸೇವೆಯಲ್ಲಿದ್ದಾಗ ನೋಡಿದ ಹತ್ತಾರು ಕಡತಗಳಲ್ಲಿ ಹಣ ನಿಂತದ್ದು ಈ ಒಂದು ಹಾಳೆಯಿಂದಲೇ, ಅದನ್ನು ನೌಕರರಿಗೆ ಯಾರೂ ತಿಳಿಸಿಯೂ ಇರುತ್ತಿರಲಿಲ್ಲ. ಕಳೆದ ಎಲ್ಲ ತಿಂಗಳುಗಳಿಗೂ ಬೇರೆಬೇರೆ ಪ್ರಮಾಣಪತ್ರ ಬರೆದು ಕೊಟ್ಟು, ನಕಲಿನ ಮೇಲೆ ಮೊಹರು ಹಾಕಿಸಿ ಸ್ವೀಕೃತಿ ಪಡೆಯಿರಿ.

ಮೊತ್ತದ ಲೆಕ್ಕ ಹೀಗಿದೆ. ಅರ್ಧ ವೇತನ ರಜೆಯಲ್ಲಿ ಸಿಗುವಷ್ಟು ರಜಾ ಸಂಬಳ, ಅದರ ಮೇಲೆ ತುಟ್ಟಿ ಭತ್ಯೆ. ಮೂಲ ವೇತನ 40,000 ರೂಪಾಯಿ ಇದ್ದರೆ 20,000 ಮತ್ತು ಅದಕ್ಕೆ ತಕ್ಕ ತುಟ್ಟಿ ಭತ್ಯೆ. ಮೂರು ತಿಂಗಳು ದಾಟಿದ ಮೇಲೆ, ವಿಳಂಬಕ್ಕೆ ತಾವು ನೇರ ಕಾರಣರಲ್ಲದಿದ್ದರೆ ಆ 20,000ದ ಅರ್ಧದವರೆಗೆ, ಅಂದರೆ 30,000ದವರೆಗೂ ಹೆಚ್ಚಿಸಬಹುದು. ತಾವೇ ಎಳೆದಾಡಿಸಿದ್ದರೆ 10,000ಕ್ಕೂ ಇಳಿಸಬಹುದು. ಆದ್ದರಿಂದ ವಿಚಾರಣೆಗೆ ಸುಮ್ಮನೆ ಗೈರುಹಾಜರಾಗುವುದು ತಮಗೇ ಹಾನಿ. ಭತ್ಯೆ ಸಿಗದ ಕಾರಣ ಪ್ರಯಾಣಕ್ಕೆ ಹಣವಿಲ್ಲವೆಂದು ವಿಚಾರಣಾಧಿಕಾರಿಗೂ ಶಿಸ್ತು ಪ್ರಾಧಿಕಾರಕ್ಕೂ ದಿನಾಂಕಕ್ಕೆ ಮುಂಚೆಯೇ ಸ್ಪೀಡ್ ಪೋಸ್ಟ್‌ನಲ್ಲಿ ಬರೆದು ಮುಂದಿನ ದಿನಾಂಕ ಕೇಳಿ.

ಈ ಪತ್ರದ ಬೆಲೆ ಏನೆಂಬುದನ್ನು ನಮ್ಮ ಜಿಲ್ಲೆಯದೇ ಪ್ರಕರಣ ತೋರಿಸಿದೆ. ಕೆ.ಜಿ.ಎಫ್‌ನ ಭಾರತ್ ಗೋಲ್ಡ್ ಮೈನ್ಸ್‌ನಲ್ಲಿ ಅಮಾನತಾಗಿದ್ದ ಭದ್ರತಾ ಅಧಿಕಾರಿಯೊಬ್ಬರು ಭತ್ಯೆಯಿಲ್ಲದೆ ಕೇರಳದ ತಮ್ಮ ಊರಿನಿಂದ ವಿಚಾರಣೆಗೆ ಬರಲಾಗಲಿಲ್ಲ. ವಿಚಾರಣೆ ಏಕಪಕ್ಷೀಯವಾಗಿ ಮುಗಿದು ಅವರು ವಜಾಗೊಂಡರು. 1999ರ ಪಾಲ್ ಆಂಟನಿ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್, ಭತ್ಯೆ ತಡೆಹಿಡಿದು ನಡೆಸಿದ ಆ ವಿಚಾರಣೆಯನ್ನು ಒಪ್ಪಲಿಲ್ಲ. ಅಮಾನತಾದರೂ ಮನುಷ್ಯ ನೌಕರನಾಗಿಯೇ ಇರುತ್ತಾನೆ, ಅವನ ಮನೆಯವರೂ ಉಣ್ಣಬೇಕು; ಇದನ್ನು ದಯೆಯೆಂದು ತಿಳಿಯುವ ಅಧಿಕಾರಿಗಳನ್ನು ಕಂಡರೆ ನನಗೆ ಇಂದಿಗೂ ಸಂಕಟವಾಗುತ್ತದೆ.

ತಾವು ಕೇಳದೆ ಬಿಟ್ಟ ಪ್ರಶ್ನೆಯೊಂದಿದೆ. 1965ರ ಕೇಂದ್ರ ನಾಗರಿಕ ಸೇವಾ ನಿಯಮಗಳ 10ನೇ ನಿಯಮದಂತೆ, 90 ದಿನ ಮುಗಿಯುವ ಮುನ್ನ ಪುನರ್‌ಪರಿಶೀಲಿಸಿ ವಿಸ್ತರಿಸದಿದ್ದರೆ ಅಮಾನತು ಆದೇಶವೇ ಊರ್ಜಿತವಾಗಿ ಉಳಿಯುವುದಿಲ್ಲ. ವಿಸ್ತರಣೆಯ ಆದೇಶದ ದಿನಾಂಕ ನೋಡಿ.

ಪ್ರಶ್ನೆ (ತುಮಕೂರಿನಿಂದ, ರಾಜ್ಯ ಸರ್ಕಾರಿ ಶಿಕ್ಷಕಿ):
ಇದು ನಮಗೂ ಅನ್ವಯಿಸುತ್ತದೆಯೇ?

ಉತ್ತರ (ಕೋಲಾರದಿಂದ):
ಇಲ್ಲ ಮೇಡಂ, ತಮಗೆ ಕರ್ನಾಟಕ ಸರ್ಕಾರಿ ಸೇವಾ ನಿಯಮಾವಳಿಯ 98ನೇ ನಿಯಮ. ಪ್ರಮಾಣಪತ್ರ ಅಲ್ಲಿಯೂ ಬೇಕು, ಆದರೆ ಮೇಲಿನ ದಿನಗಳ ಲೆಕ್ಕವನ್ನು ಹಾಗೆಯೇ ತೆಗೆದುಕೊಳ್ಳಬೇಡಿ.

ಮರುಪ್ರತಿಕ್ರಿಯೆ (ಗೌರಿಬಿದನೂರಿನಿಂದ):
ಪ್ರಮಾಣಪತ್ರಗಳನ್ನು ಕೊಟ್ಟ ಇಪ್ಪತ್ತೆರಡನೆಯ ದಿನ ಹಿಂದಿನ ಬಾಕಿಯೆಲ್ಲ ಒಟ್ಟಿಗೆ ಜಮೆಯಾಯಿತು, ವಿಚಾರಣೆಗೆ ಹೊಸ ದಿನಾಂಕವೂ ಸಿಕ್ಕಿತು. ಸಹಕಾರ ಸಂಘದ ಸಾಲದ ಕಂತನ್ನು ಮಾತ್ರ ನನ್ನನ್ನು ಕೇಳದೆ ಹಿಡಿದಿದ್ದಾರೆ. ವಿಸ್ತರಣೆಯ ಆದೇಶ 101ನೆಯ ದಿನದ್ದು.

ಉತ್ತರ (ಕೋಲಾರದಿಂದ):
ತಮ್ಮ ಲಿಖಿತ ಒಪ್ಪಿಗೆಯಿಲ್ಲದೆ ಸಂಘದ ಕಂತನ್ನು ಈ ಭತ್ಯೆಯಿಂದ ಹಿಡಿಯುವಂತಿಲ್ಲ, ಮರಳಿ ಕೇಳಿ. 101ನೆಯ ದಿನದ ಆದೇಶವಾದರೆ, ಪೂರ್ಣ ವೇತನ ಕೋರಿ ಈಗಲೇ ಮನವಿ ಕೊಡಿ. ಆರು ತಿಂಗಳಾದರೂ ಉತ್ತರ ಬಾರದಿದ್ದರೆ, ಅಲ್ಲಿಂದ ಒಂದು ವರ್ಷದೊಳಗೆ ಬೆಂಗಳೂರಿನ ಕೇಂದ್ರ ಆಡಳಿತ ನ್ಯಾಯಮಂಡಳಿಯ ಪೀಠಕ್ಕೆ ಹೋಗಬೇಕು. ಮನವಿಯ ಸ್ವೀಕೃತಿಯನ್ನು ಜೋಪಾನವಾಗಿಡಿ, ಅವಧಿಯ ಲೆಕ್ಕ ಅದರಿಂದಲೇ ಶುರುವಾಗುವುದು.